ಪ್ರೊಜೆಕ್ಷನ್ ಬಗ್ಗೆ ಪದೇ ಪದೇ ಕೇಳೋ ಪ್ರಶ್ನೆಗಳು: ಡ್ರಾಯಿಂಗ್ ಶೀಟಿಂದ ಫೋನ್ ಮ್ಯಾಪ್‌ವರೆಗೆ

ಫಸ್ಟ್ ಇಯರ್ ಇಂಜಿನಿಯರಿಂಗ್ ಮಕ್ಕಳು, ಡಿಪ್ಲೊಮಾ ಐಟಿಐ ಮಾಡ್ತಿರೋರು, ಪೀಣ್ಯದಲ್ಲಿ ಮಷಿನ್ ಮುಂದೆ ನಿಂತು ಡ್ರಾಯಿಂಗ್ ಓದೋರು, ಸೈಟ್ ತಗೊಂಡು ಮನೆ ಪ್ಲಾನ್ ಕೈಲಿ ಹಿಡ್ಕೊಂಡು ಕೂತಿರೋರು, ಇವರೆಲ್ಲ ಸುತ್ತಿ ಬಳಸಿ ಕೇಳೋದು ಒಂದೇ ವಿಷಯ. ಉದ್ದ ಅಗಲ ಎತ್ತರ ಮೂರೂ ಇರೋ ವಸ್ತುನ ಚಪ್ಪಟೆ ಹಾಳೆ ಮೇಲೆ ಹೇಗೆ ಇಳಿಸ್ತಾರೆ, ಇಳಿಸಿದ್ದನ್ನ ಹೇಗೆ ಓದ್ಬೇಕು ಅಂತ. ಇಲ್ಲಿ ಫಾರ್ಮುಲಾಗಿಂತ ಹೆಚ್ಚಾಗಿ ಒಂದು ಅಭ್ಯಾಸದ ಮೇಲೆ ಒತ್ತು ಕೊಟ್ಟಿದ್ದೀನಿ: ಯಾವ ಚಿತ್ರ ನೋಡಿದ್ರೂ ಇದರಲ್ಲಿ ಏನು ಉಳ್ಕೊಂಡಿದೆ, ಏನು ಕಳ್ದೋಗಿದೆ ಅಂತ ಮೊದಲು ಕೇಳ್ಕೊಳ್ಳಿ. ಅದೊಂದು ಗೊತ್ತಿದ್ರೆ ಅರ್ಧ ಗೊಂದಲ ತಾನಾಗೇ ಹೋಗುತ್ತೆ.

ಪ್ರೊಜೆಕ್ಷನ್ ಅಂದ್ರೆ ಏನು, ಸಿಂಪಲ್ಲಾಗಿ ಹೇಳಿ?

ಮೂರು ಸಾಮಾನು ಬೇಕು: ಒಂದು ವಸ್ತು, ಒಂದು ಚಪ್ಪಟೆ ತಳ ಅಂದ್ರೆ ಪ್ಲೇನ್, ಮತ್ತೆ ಒಂದಿಷ್ಟು ಗೆರೆಗಳು. ವಸ್ತುವಿನ ಪ್ರತಿ ಬಿಂದುವಿಂದ ಒಂದೊಂದು ಗೆರೆ ಎಳೀರಿ, ಅದು ಪ್ಲೇನ್‌ಗೆ ಎಲ್ಲಿ ತಾಗುತ್ತೋ ಅಲ್ಲಿ ಚುಕ್ಕೆ ಇಡಿ, ಆ ಎಲ್ಲಾ ಚುಕ್ಕೆ ಸೇರಿದ್ರೆ ಅದೇ ಪ್ರೊಜೆಕ್ಷನ್. ಆ ಗೆರೆಗಳಿಗೆ ಪ್ರೊಜೆಕ್ಟರ್ ಅಂತೀವಿ.

ಗೆರೆಗಳು ಹೇಗೆ ಹೋಗ್ತವೆ ಅನ್ನೋದರ ಮೇಲೆ ಎಲ್ಲಾ ನಿಂತಿದೆ. ಎಲ್ಲವೂ ಸಮಾಂತರವಾಗಿದ್ದು ಪ್ಲೇನ್‌ಗೆ ನೇರ 90 ಡಿಗ್ರಿಲಿ ಬಿದ್ರೆ ಆರ್ಥೊಗ್ರಾಫಿಕ್. ಸಮಾಂತರವಾಗೇ ಇದ್ದು ಓರೆಯಾಗಿ ಬಿದ್ರೆ ಆಬ್ಲಿಕ್. ಎಲ್ಲಾ ಗೆರೆ ಒಂದೇ ಬಿಂದುಗೆ ಹೋಗಿ ಸೇರಿದ್ರೆ ಪರ್ಸ್‌ಪೆಕ್ಟಿವ್, ನಮ್ಮ ಕಣ್ಣು ಮತ್ತೆ ಫೋನ್ ಕ್ಯಾಮೆರಾ ಇದೇ ಥರ ನೋಡೋದು.

ಇದನ್ನ ಕಣ್ಣಾರೆ ನೋಡೋಕೆ ಆಗುತ್ತಾ? ಬುಕ್ಕಲ್ಲಿ ಓದಿದ್ರೆ ತಲೆಗೆ ಹೋಗ್ತಿಲ್ಲ.

ಖಂಡಿತ ಆಗುತ್ತೆ, ಅದೂ ಬೆಂಗಳೂರಲ್ಲಿ ಇರೋರಿಗೆ ವರ್ಷಕ್ಕೆ ಎರಡು ಸಲ ಪುಕ್ಕಟೆ ಸಿಗುತ್ತೆ. ನಮ್ಮೂರಿನ ಅಕ್ಷಾಂಶ ಸುಮಾರು 12.97 ಡಿಗ್ರಿ ಉತ್ತರ, ಹಾಗಾಗಿ ಏಪ್ರಿಲ್ 24ರ ಆಸುಪಾಸು ಒಂದ್ಸಲ, ಆಗಸ್ಟ್ 18ರ ಆಸುಪಾಸು ಇನ್ನೊಂದ್ಸಲ ಸೂರ್ಯ ಮಧ್ಯಾಹ್ನ ಸರಿಯಾಗಿ ನೆತ್ತಿ ಮೇಲೆ ಬರ್ತಾನೆ. ಝೀರೋ ಶ್ಯಾಡೋ ಡೇ ಅಂತಾರಲ್ಲ, ಅದು. ನೆತ್ತಿಗೆ ಬರೋ ಹೊತ್ತು ಗಡಿಯಾರದ 12 ಗಂಟೆ ಅಲ್ಲ, ಏಪ್ರಿಲ್‌ನಲ್ಲಿ ಸುಮಾರು 12 ಗಂಟೆ 18 ನಿಮಿಷ, ಆಗಸ್ಟ್‌ನಲ್ಲಿ ಸುಮಾರು 12 ಗಂಟೆ 24 ನಿಮಿಷ, ಯಾಕಂದ್ರೆ ನಮ್ಮ ಗಡಿಯಾರ ಓಡೋದು 82.5 ಡಿಗ್ರಿ ರೇಖಾಂಶದ ಲೆಕ್ಕದಲ್ಲಿ, ನಾವಿರೋದು ಅದಕ್ಕಿಂತ ಪಶ್ಚಿಮಕ್ಕೆ 77.6ರಲ್ಲಿ.

ಸೂರ್ಯ ಸುಮಾರು 15 ಕೋಟಿ ಕಿಲೋಮೀಟರ್ ದೂರ ಇರೋದ್ರಿಂದ ಕಿರಣಗಳು ನಮ್ಮ ಹತ್ರ ಬರೋ ಹೊತ್ತಿಗೆ ಹೆಚ್ಚುಕಮ್ಮಿ ಸಮಾಂತರ. ಆ ಕ್ಷಣದಲ್ಲಿ ನೆಲಕ್ಕೆ ನೇರ 90 ಡಿಗ್ರಿ ಬೇರೆ. ಅಂದ್ರೆ ತಾರಸಿ ಮೇಲೆ ಬೀಳೋ ಪ್ರತಿ ನೆರಳೂ ಪಕ್ಕಾ ಆರ್ಥೊಗ್ರಾಫಿಕ್ ಪ್ರೊಜೆಕ್ಷನ್, ನಿಮ್ಮ ಶೀಟಲ್ಲಿ ಬರೆಯೋ ಟಾಪ್ ವ್ಯೂ ಅದೇ. ಒಂದು 30 ಸೆಂಟಿಮೀಟರ್ ಸ್ಕೇಲ್ ತಗೊಂಡು ಹೋಗಿ. ನೆಲಕ್ಕೆ ಸಮವಾಗಿ ಹಿಡಿದ್ರೆ ನೆರಳೂ 30. ನೆಲದಿಂದ 30 ಡಿಗ್ರಿ ಎತ್ತಿದ್ರೆ ನೆರಳು 26ಕ್ಕೆ ಇಳಿಯುತ್ತೆ, 60 ಡಿಗ್ರಿ ಎತ್ತಿದ್ರೆ ಸರಿಯಾಗಿ 15, ಪೂರ್ತಿ ನೆಟ್ಟಗೆ ನಿಲ್ಲಿಸಿದ್ರೆ ಬರೀ ಅದರ ದಪ್ಪದಷ್ಟು. ನಿಜವಾದ ಉದ್ದವನ್ನ ಕಾಸ್ ಥೀಟಾದಿಂದ ಗುಣಿಸಿ ಅಂತ ಬುಕ್ಕಲ್ಲಿ ಇರೋದು ಇದನ್ನೇ. ಆಮೇಲೆ ಒಂದು ಗಾಜಿನ ಬಳೆ ಹಿಡೀರಿ. ಸಮವಾಗಿದ್ರೆ ನೆರಳು ವೃತ್ತ, ಓರೆ ಮಾಡ್ತಾ ಹೋದಂಗೆ ಎಲಿಪ್ಸ್, ಅದರ ದೊಡ್ಡ ಅಕ್ಷ ಮಾತ್ರ ಬಳೆಯ ವ್ಯಾಸದಷ್ಟೇ ಉಳಿಯುತ್ತೆ, ಸಣ್ಣ ಅಕ್ಷ ಕಮ್ಮಿಯಾಗ್ತಾ ಹೋಗಿ ಕೊನೆಗೆ ಬರೀ ಗೆರೆ. ನೆರಳಿನ ಅಂಚು ಸ್ವಲ್ಪ ಮಂಜಾಗಿರುತ್ತೆ, ಸೂರ್ಯ ಬಿಂದು ಅಲ್ಲ, ಅರ್ಧ ಡಿಗ್ರಿ ಅಗಲದ ತಟ್ಟೆ, ಅದಕ್ಕೆ.

ಬೇರೆ ದಿನಗಳ ನೆರಳು ಆಬ್ಲಿಕ್. ರಾತ್ರಿ ಬಲ್ಬ್ ಕೆಳಗಿನ ನೆರಳು ಒಂದೇ ಬಿಂದುವಿಂದ ಹೊರಟ ಕಿರಣಗಳದ್ದು, ಅದಕ್ಕೇ ವಸ್ತು ಬಲ್ಬ್ ಹತ್ರ ಹೋದಷ್ಟೂ ನೆರಳು ದೊಡ್ಡದಾಗುತ್ತೆ. ಜವಾಹರಲಾಲ್ ನೆಹರು ತಾರಾಲಯದ ಥರದ ಕಡೆ ಆ ದಿನ ಮಕ್ಕಳಿಗೆ ತೋರಿಸ್ತಾರೆ, ಹೋಗೋಕೆ ಆಗ್ಲಿಲ್ಲ ಅಂದ್ರೆ ಮನೆ ತಾರಸಿನೇ ಸಾಕು.

ಎಚ್‌ಪಿ, ವಿಪಿ, ಎಕ್ಸ್‌ವೈ ಲೈನ್ ಇವೆಲ್ಲ ಯಾಕೆ ಬೇಕು?

ಒಂದೇ ಪ್ಲೇನ್ ಮೇಲೆ ಬೀಳಿಸಿದ್ರೆ ಒಂದು ಅಳತೆ ಕಳ್ದೋಗುತ್ತೆ. ಟಾಪ್ ವ್ಯೂನಲ್ಲಿ ಎತ್ತರ ಇಲ್ಲ, ಫ್ರಂಟ್ ವ್ಯೂನಲ್ಲಿ ವಸ್ತು ಎಷ್ಟು ಹಿಂದಕ್ಕೆ ಹೋಗಿದೆ ಅನ್ನೋದು ಇಲ್ಲ. ಅದಕ್ಕೆ ಒಂದಕ್ಕೊಂದು 90 ಡಿಗ್ರಿಲಿರೋ ಎರಡು ಪ್ಲೇನ್ ಇಟ್ಕೊಂಡು, ಎರಡರ ಮೇಲೂ ಬೀಳಿಸಿ, ಆಮೇಲೆ ಅಡ್ಡ ಇರೋ ಎಚ್‌ಪಿನ (ಹಾರಿಜಾಂಟಲ್ ಪ್ಲೇನ್) ತಿರುಗಿಸಿ ನಿಂತಿರೋ ವಿಪಿ (ವರ್ಟಿಕಲ್ ಪ್ಲೇನ್) ಜೊತೆ ಒಂದೇ ಹಾಳೆ ಮಾಡ್ತೀವಿ. ಎರಡೂ ಸೇರೋ ಗೆರೆನೇ ಎಕ್ಸ್‌ವೈ. ಒಂದು ಬಿಂದುವಿನ ಫ್ರಂಟ್ ವ್ಯೂ, ಟಾಪ್ ವ್ಯೂ ಎರಡೂ ಎಕ್ಸ್‌ವೈಗೆ ನೇರವಾಗಿ ಎಳೆದ ಒಂದೇ ಗೆರೆ ಮೇಲೆ ಇರ್ಲೇಬೇಕು, ಇಲ್ಲ ಅಂದ್ರೆ ಎಲ್ಲೋ ತಪ್ಪಾಗಿದೆ ಅಂತ ಅರ್ಥ.

ಈ ವಿದ್ಯೆನ ಒಂದು ಪದ್ಧತಿಯಾಗಿ ಕಟ್ಟಿದ್ದು ಫ್ರಾನ್ಸಿನ ಗಾಸ್ಪಾರ್ ಮೋಂಜ್, 1746ರಲ್ಲಿ ಹುಟ್ಟಿದವರು. ಮೆಜಿಯೇರ್ ಅನ್ನೋ ಊರಿನ ಮಿಲಿಟರಿ ಇಂಜಿನಿಯರಿಂಗ್ ಶಾಲೇಲಿ ಇದ್ದಾಗ ಕೋಟೆ ವಿನ್ಯಾಸದ ಒಂದು ಸಮಸ್ಯೆ ಕೊಟ್ರು, ಶತ್ರುವಿನ ಗುಂಡು ಒಳಗೆ ಬೀಳದ ಹಾಗೆ ಗೋಡೆ ಎಷ್ಟೆತ್ತರ ಇರ್ಬೇಕು ಅಂತ. ಬೇರೆಯವರು ಉದ್ದುದ್ದ ಲೆಕ್ಕ ಹಾಕೋದನ್ನ ಇವರು ಗೆರೆ ಎಳೆದು ಬೇಗ ಮುಗಿಸಿಬಿಟ್ರು. ಆಮೇಲೆ ಎಷ್ಟೋ ವರ್ಷ ಆ ಪದ್ಧತಿನ ಮಿಲಿಟರಿ ಗುಟ್ಟು ಅಂತ ಹೊರಗೆ ಬಿಡ್ಲಿಲ್ಲ. ಕ್ರಾಂತಿ ಆದ್ಮೇಲೆ 1795ರಲ್ಲಿ ಪಾಠ ಮಾಡಿದ್ರು, 1799ರಲ್ಲಿ ಪುಸ್ತಕವಾಗಿ ಬಂತು, ಇಲ್ಲಿ ಶ್ರೀರಂಗಪಟ್ಟಣ ಬಿದ್ದ ವರ್ಷಾನೇ. ಒಂದು ಸೈನ್ಯ ಮುಚ್ಚಿಟ್ಕೊಂಡಿದ್ದ ವಿದ್ಯೆ ಈಗ ನಮ್ಮ ಪ್ರತಿ ಪಾಲಿಟೆಕ್ನಿಕ್‌ನಲ್ಲಿ ಸಿಗ್ತಿದೆ, ಅದನ್ನ ಬರೀ ಮಾರ್ಕ್ಸ್‌ಗೋಸ್ಕರ ಓದೋದು ನಂಗಂತೂ ನಷ್ಟ ಅನ್ಸುತ್ತೆ.

ಫಸ್ಟ್ ಆಂಗಲ್, ಥರ್ಡ್ ಆಂಗಲ್ ವ್ಯತ್ಯಾಸ ಏನು? ಯಾವುದು ಸರಿ?

ಎರಡೂ ಸರಿ, ಬೆರೆಸಿದ್ರೆ ಮಾತ್ರ ತಪ್ಪು. ಫಸ್ಟ್ ಆಂಗಲ್‌ನಲ್ಲಿ ನೋಡೋರು, ಆಮೇಲೆ ವಸ್ತು, ಅದರ ಹಿಂದೆ ಪ್ಲೇನ್. ಹಾಗಾಗಿ ಟಾಪ್ ವ್ಯೂ ಕೆಳಗೆ ಬೀಳುತ್ತೆ, ಎಡಗಡೆಯಿಂದ ನೋಡಿದ ವ್ಯೂ ಬಲಗಡೆ ಬರುತ್ತೆ. ಥರ್ಡ್ ಆಂಗಲ್‌ನಲ್ಲಿ ನೋಡೋರಿಗೂ ವಸ್ತುಗೂ ಮಧ್ಯೆ ಪ್ಲೇನ್ ಇರುತ್ತೆ, ಅದು ಗಾಜಿನ ಥರ ಪಾರದರ್ಶಕ ಅಂದ್ಕೋಬೇಕು, ಆಗ ಟಾಪ್ ವ್ಯೂ ಮೇಲೆ, ಎಡಗಡೆ ವ್ಯೂ ಎಡಗಡೆಗೇ. ನಮ್ಮ ದೇಶದ ಮಾನದಂಡ ಸಂಸ್ಥೆ ಬಿಐಎಸ್ ತಂದಿರೋ ಎಸ್‌ಪಿ 46 ಕೈಪಿಡಿ ಹೇಳೋದು ಫಸ್ಟ್ ಆಂಗಲ್, ಯೂರೋಪಲ್ಲೂ ಬಳಕೆ ಅದೇ ಹೆಚ್ಚು. ಅಮೆರಿಕ, ಕೆನಡಾ, ಜಪಾನ್‌ಗಳಲ್ಲಿ ಥರ್ಡ್.

ಇದು ಪರೀಕ್ಷೆ ವಿಷಯ ಮಾತ್ರ ಅಂದ್ಕೋಬೇಡಿ. ಪೀಣ್ಯ, ಬೊಮ್ಮಸಂದ್ರ ಕಡೆ ಇರೋ ಎಷ್ಟೋ ಮಷಿನ್ ಶಾಪ್‌ಗಳಿಗೆ ಹೊರದೇಶದ ಆರ್ಡರ್ ಬರುತ್ತೆ, ಒಂದು ಫೈಲ್ ಜರ್ಮನಿಯದು ಇನ್ನೊಂದು ಅಮೆರಿಕದ್ದು ಒಂದೇ ಟೇಬಲ್ ಮೇಲಿರುತ್ತೆ. ಥರ್ಡ್ ಆಂಗಲ್ ಡ್ರಾಯಿಂಗ್‌ನ ಫಸ್ಟ್ ಅಂತ ಓದಿದ್ರೆ ಎರಡೂ ಕಡೆ ಒಂದೇ ಥರ ಇರೋ ಪಾರ್ಟ್‌ನಲ್ಲಿ ಏನೂ ಗೊತ್ತಾಗಲ್ಲ, ಆದ್ರೆ ಒಂದು ಹೋಲ್ ಒಂದೇ ಪಕ್ಕಕ್ಕಿರೋ ಬ್ರಾಕೆಟ್ ಆದ್ರೆ ಕನ್ನಡಿಯಲ್ಲಿ ಕಂಡ ಹಾಗೆ ಉಲ್ಟಾ ಪಾರ್ಟ್ ತಯಾರಾಗಿ ಕೂರುತ್ತೆ, ಪ್ರತಿ ಅಳತೆನೂ ಡ್ರಾಯಿಂಗ್‌ಗೆ ಸರಿಯಾಗಿರುತ್ತೆ, ವರ್ನಿಯರ್ ಹಿಡಿದು ನೋಡಿದ್ರೂ ಪಾಸ್, ಫಿಟ್ ಮಾತ್ರ ಆಗಲ್ಲ. ಇಡೀ ಲಾಟ್ ಸ್ಕ್ರ್ಯಾಪ್.

ಅದಕ್ಕೇ ಡ್ರಾಯಿಂಗ್ ಕೈಗೆ ಬಂದ ಕೂಡ್ಲೇ ಬಲಗಡೆ ಕೆಳಗಿನ ಟೈಟಲ್ ಬ್ಲಾಕ್ ನೋಡಿ. ಅಲ್ಲಿ ತುದಿ ಕತ್ತರಿಸಿದ ಶಂಕುವಿನ ಚಿಹ್ನೆ ಇರುತ್ತೆ, ಪಕ್ಕದಲ್ಲಿ ಒಂದರೊಳಗೊಂದು ಎರಡು ವೃತ್ತ. ಶಂಕುವಿನ ಸಣ್ಣ ತುದಿ ವೃತ್ತಗಳಿಂದ ದೂರ ಇದ್ರೆ ಫಸ್ಟ್ ಆಂಗಲ್, ವೃತ್ತಗಳ ಕಡೆಗೇ ಇದ್ರೆ ಥರ್ಡ್. ಚಿಹ್ನೆನೇ ಇಲ್ಲದ ಡ್ರಾಯಿಂಗ್ ಬಂದ್ರೆ ಕೆಲಸ ಶುರು ಮಾಡ್ಬೇಡಿ, ಕಳಿಸಿದವರಿಗೆ ಫೋನ್ ಮಾಡಿ ಕೇಳಿ.

ಮತ್ತೆ ಸೆಕೆಂಡ್, ಫೋರ್ತ್ ಆಂಗಲ್ ಯಾಕಿಲ್ಲ?

ಎಚ್‌ಪಿ, ವಿಪಿ ಒಂದನ್ನೊಂದು ದಾಟಿದಾಗ ಜಾಗ ನಾಲ್ಕು ಭಾಗ ಆಗುತ್ತೆ, ವಸ್ತು ಯಾವ ಭಾಗದಲ್ಲಿದೆಯೋ ಅದೇ ಆಂಗಲ್‌ನ ನಂಬರ್. ಎಚ್‌ಪಿ ತಿರುಗಿಸಿದ ಮೇಲೆ ಸೆಕೆಂಡ್, ಫೋರ್ತ್ ಎರಡರಲ್ಲೂ ಫ್ರಂಟ್ ವ್ಯೂ, ಟಾಪ್ ವ್ಯೂ ಎಕ್ಸ್‌ವೈನ ಒಂದೇ ಪಕ್ಕಕ್ಕೆ ಬಂದು ಒಂದರ ಮೇಲೊಂದು ಕೂರ್ತವೆ. ಓದೋಕೆ ಆಗಲ್ಲ, ಅಷ್ಟೇ ಕಾರಣ. ಬಿಂದುಗಳ ಲೆಕ್ಕದಲ್ಲಿ ಮಾತ್ರ ಕೇಳ್ತಾರೆ.

ಫ್ರಂಟ್ ಮತ್ತೆ ಟಾಪ್ ವ್ಯೂ ಎರಡಿದ್ರೆ ಸಾಕಲ್ವಾ, ಸೈಡ್ ವ್ಯೂ ಯಾಕೆ?

ಫ್ರಂಟ್ ವ್ಯೂ ಒಂದು ಚೌಕ, ಟಾಪ್ ವ್ಯೂ ಅಷ್ಟೇ ದೊಡ್ಡ ಚೌಕ. ವಸ್ತು ಏನು ಅಂತ ಕೇಳಿದ್ರೆ ಕ್ಲಾಸಲ್ಲಿ ಎಲ್ಲರೂ ಕ್ಯೂಬ್ ಅಂತಾರೆ. ಆದ್ರೆ ಆ ಕ್ಯೂಬನ್ನ ಪಕ್ಕದಿಂದ ನೋಡಿದಾಗ ಕರ್ಣದ ಗುಂಟ ಸೀಳಿ, ಮೇಲಿನ ಹಿಂದುಗಡೆ ಮೂಲೆಯಿಂದ ಕೆಳಗಿನ ಮುಂದುಗಡೆ ಮೂಲೆವರೆಗೆ ಇಳಿಜಾರು ಮಾಡಿದ್ರೂ ಫ್ರಂಟ್ ಚೌಕ, ಟಾಪ್ ಚೌಕ, ಸೈಡ್ ವ್ಯೂ ಮಾತ್ರ ತ್ರಿಕೋನ. ಆ ಇಳಿಜಾರನ್ನ ದುಂಡಗೆ ಮಾಡಿ ಕಾಲು ಸಿಲಿಂಡರ್ ಆಗಿಸಿದ್ರೂ ಅದೇ ಎರಡು ಚೌಕ. ಸೈಡ್ ವ್ಯೂ ಇಲ್ಲದೆ ಈ ಮೂರನ್ನ ಬೇರೆ ಮಾಡೋಕೆ ದಾರಿನೇ ಇಲ್ಲ. ಕಾಣದ ಅಂಚುಗಳಿಗೆ ಹಾಕೋ ತುಂಡು ಗೆರೆನೂ ಹೀಗೇ, ಅದು ಅಲಂಕಾರಕ್ಕಲ್ಲ, ಅದಿಲ್ಲ ಅಂದ್ರೆ ಆರ್‌ಪಾರ್ ಇರೋ ಹೋಲ್ ಇದೆಯೋ ಇಲ್ವೋ ಗೊತ್ತಾಗಲ್ಲ.

ಎರಡು ಪ್ಲೇನ್‌ಗೂ ಓರೆಯಾಗಿರೋ ಲೈನ್ ಪ್ರಾಬ್ಲಮ್ ನೋಡಿದ್ರೆ ಭಯ ಆಗುತ್ತೆ, ಏನು ಮಾಡ್ಲಿ?

ಭಯ ಬೇಡ, ಮೊದಲು ನಂಬರ್‌ನಲ್ಲಿ ನೋಡಿ, ಆಮೇಲೆ ಗೆರೆ ಎಳೀರಿ. ಲೈನ್ ಉದ್ದ 80 ಮಿಲಿಮೀಟರ್, ಎಚ್‌ಪಿಗೆ 30 ಡಿಗ್ರಿ, ವಿಪಿಗೆ 45 ಡಿಗ್ರಿ ಅಂದ್ಕೊಳ್ಳಿ. ಟಾಪ್ ವ್ಯೂ ಉದ್ದ 80 ಇಂಟು ಕಾಸ್ 30, ಅಂದ್ರೆ 69.3. ಫ್ರಂಟ್ ವ್ಯೂ ಉದ್ದ 80 ಇಂಟು ಕಾಸ್ 45, ಅಂದ್ರೆ 56.6. ಎರಡು ತುದಿಗಳ ಎತ್ತರದ ವ್ಯತ್ಯಾಸ 80 ಇಂಟು ಸೈನ್ 30, ಅಂದ್ರೆ 40. ವಿಪಿಯಿಂದ ಇರೋ ದೂರದ ವ್ಯತ್ಯಾಸ 80 ಇಂಟು ಸೈನ್ 45, 56.6. ಎರಡು ತುದಿಗಳ ಪ್ರೊಜೆಕ್ಟರ್ ಮಧ್ಯದ ಅಂತರ ಎಷ್ಟು ಬರ್ಬೇಕು? 80ರ ವರ್ಗದಿಂದ 40ರ ವರ್ಗ, 56.6ರ ವರ್ಗ ಎರಡನ್ನೂ ಕಳೆದು ವರ್ಗಮೂಲ ತೆಗೀರಿ, 40 ಬರುತ್ತೆ. ಈಗ ಶೀಟ್ ಮೇಲೆ ಬುಕ್ಕಿನ ವಿಧಾನದಲ್ಲಿ ಆರ್ಕ್ ಹೊಡೆದು ಲೋಕಸ್ ಎಳೆದು ಮಾಡಿ, ಕೊನೆಗೆ ಅಳೆದ್ರೆ ಇದೇ 40 ಸಿಗ್ಬೇಕು, ಒಂದು ಮಿಲಿಮೀಟರ್ ಆಚೀಚೆ ಆದ್ರೆ ಪೆನ್ಸಿಲ್ ದಪ್ಪ ಅಂತ ಬಿಡಿ, ಐದು ಆದ್ರೆ ವಾಪಸ್ ಹೋಗಿ ಹುಡುಕಿ.

ಜಾಸ್ತಿ ಜನ ಎಡವೋದು ಒಂದೇ ಕಡೆ. ಓರೆಯಾಗಿರೋ ಲೈನ್‌ನ ಫ್ರಂಟ್ ವ್ಯೂ ಎಕ್ಸ್‌ವೈ ಜೊತೆ ಮಾಡೋ ಕೋನ 30 ಅಲ್ಲ. ಮೇಲಿನ ಲೈನ್‌ನಲ್ಲಿ ಅಡ್ಡಕ್ಕೆ 40, ಎತ್ತರಕ್ಕೆ 40, ಹಾಗಾಗಿ ಹಾಳೆ ಮೇಲೆ ಕಾಣೋದು 45 ಡಿಗ್ರಿ. ನಿಜವಾದ ಕೋನ ಬೇರೆ, ಕಾಣೋ ಕೋನ ಬೇರೆ. ಇನ್ನೊಂದು ಚೆಕ್: ಎರಡು ಕೋನ ಕೂಡಿದ್ರೆ 90 ಮೀರೋ ಹಾಗಿಲ್ಲ, ಮೀರಿದ್ರೆ ಅಂಥ ಲೈನ್ ಇರೋಕೇ ಸಾಧ್ಯ ಇಲ್ಲ.

ಐಸೊಮೆಟ್ರಿಕ್ ವ್ಯೂ, ಐಸೊಮೆಟ್ರಿಕ್ ಪ್ರೊಜೆಕ್ಷನ್ ಎರಡೂ ಒಂದೇನಾ?

ಆಕಾರ ಒಂದೇ, ಸೈಜ್ ಬೇರೆ. ಕ್ಯೂಬ್‌ನ ಮೂರು ಅಂಚೂ ಪ್ಲೇನ್‌ಗೆ ಒಂದೇ ಸಮ ಓರೆಯಾಗೋ ಹಾಗೆ ತಿರುಗಿಸಿದ್ರೆ ಪ್ರತಿ ಅಂಚೂ ಪ್ಲೇನ್ ಜೊತೆ 35 ಡಿಗ್ರಿ 16 ನಿಮಿಷ ಮಾಡುತ್ತೆ, ಹಾಗಾಗಿ ಪ್ರತಿ ಉದ್ದನೂ 0.816 ಪಟ್ಟು ಆಗುತ್ತೆ, 100 ಇದ್ದಿದ್ದು 81.6. ಆ ಸ್ಕೇಲ್ ಹಾಕಿ ಬರೆದ್ರೆ ಪ್ರೊಜೆಕ್ಷನ್, ಹಾಕದೆ ನಿಜವಾದ ಅಳತೆಲೇ ಬರೆದ್ರೆ ವ್ಯೂ.

ಮಾರ್ಕ್ಸ್ ಹೋಗೋದು ಗೋಳದಲ್ಲಿ. ಗೋಳನ ಯಾವ ದಿಕ್ಕಿಂದ ಆರ್ಥೊಗ್ರಾಫಿಕ್ ಆಗಿ ನೋಡಿದ್ರೂ ಅದರ ನಿಜವಾದ ತ್ರಿಜ್ಯದ ವೃತ್ತಾನೇ ಕಾಣೋದು. ಅದಕ್ಕೆ ಐಸೊಮೆಟ್ರಿಕ್ ಪ್ರೊಜೆಕ್ಷನ್‌ನಲ್ಲಿ ಗೋಳದ ಕೇಂದ್ರ ಎಷ್ಟೆತ್ತರ ಅನ್ನೋದಕ್ಕೆ ಸ್ಕೇಲ್ ಹಾಕ್ಬೇಕು, ಆದ್ರೆ ಹೊರಗಿನ ವೃತ್ತ ಬರೆಯೋವಾಗ ಹಾಕ್ಬಾರ್ದು. ಇದನ್ನ ಬಾಯಿಪಾಠ ಮಾಡೋ ಬದಲು ಯಾಕೆ ಅಂತ ಅರ್ಥ ಮಾಡ್ಕೊಂಡ್ರೆ ಯಾವತ್ತೂ ಮರೆಯಲ್ಲ. ಹಾಂ, ಹಳೇ ಗೇಮ್‌ಗಳಲ್ಲಿ ಐಸೊಮೆಟ್ರಿಕ್ ಅಂತ ಕರೆಯೋದು ಬಹಳಷ್ಟು ಸಲ ನಿಜವಾದ ಐಸೊಮೆಟ್ರಿಕ್ ಅಲ್ಲ, ಎರಡು ಪಿಕ್ಸೆಲ್ ಪಕ್ಕಕ್ಕೆ ಒಂದು ಪಿಕ್ಸೆಲ್ ಮೇಲಕ್ಕೆ ಅಂತ ಹೋಗೋದು, ಅದು ಸುಮಾರು 26.6 ಡಿಗ್ರಿ, ಡೈಮೆಟ್ರಿಕ್ ಅಂತಾರೆ, ಮೂರು ಅಕ್ಷದಲ್ಲಿ ಎರಡಕ್ಕೆ ಮಾತ್ರ ಒಂದೇ ಸ್ಕೇಲ್.

ಸಾಫ್ಟ್‌ವೇರ್ ಒಂದು ಕ್ಲಿಕ್‌ನಲ್ಲಿ ಎಲ್ಲಾ ವ್ಯೂ ಕೊಡುತ್ತೆ, ಕೈಲಿ ಯಾಕೆ ಬರೀಬೇಕು?

ಸಾಫ್ಟ್‌ವೇರ್ ಕೊಡುತ್ತೆ, ಆದ್ರೆ ಫಸ್ಟ್ ಆಂಗಲ್ಲೋ ಥರ್ಡ್ ಆಂಗಲ್ಲೋ ಅಂತ ಸೆಟ್ಟಿಂಗ್ ಹಾಕೋರು ನೀವೇ, ಬಂದಿದ್ದು ಸರಿನಾ ಅಂತ ನೋಡೋರೂ ನೀವೇ. ಕೈಲಿ ಎಳೆಯೋವಾಗ ಪ್ರತಿ ಬಿಂದುನೂ ಎಲ್ಲಿಂದ ಎಲ್ಲಿಗೆ ಹೋಯ್ತು ಅಂತ ತಲೆ ಜೊತೇಲಿ ಹೋಗುತ್ತೆ. ನೂರಾರು ಶೀಟ್ ಬೇಕಿಲ್ಲ, ಪಾಯಿಂಟ್, ಲೈನ್, ಪ್ಲೇನ್, ಸಾಲಿಡ್ ಒಂದೊಂದರಲ್ಲಿ ಕೆಲವು ಲೆಕ್ಕ ಮಿನಿ ಡ್ರಾಫ್ಟರ್ ಹಿಡಿದು ಮಾಡಿ, ಆಮೇಲೆ ಕಂಪ್ಯೂಟರ್. ಹೊಸ ಡ್ರಾಫ್ಟರ್‌ಗೆ ದುಡ್ಡು ಹಾಕ್ಬೇಡಿ, ಸೀನಿಯರ್ಸ್ ಹತ್ರ ಬಿದ್ದಿರುತ್ತೆ, ಹಳೇ ಡ್ರಾಯಿಂಗ್ ಬುಕ್ ಅವೆನ್ಯೂ ರೋಡಲ್ಲಿ ಹುಡುಕಿ.

ನಮ್ಮದು 30-40 ಸೈಟ್. ಪ್ಲಾನ್, ಎಲಿವೇಷನ್, ಸೆಕ್ಷನ್ ಅಂತ ಕೊಟ್ಟಿದ್ದಾರೆ, ಹೇಗೆ ಓದೋದು?

ಎಲಿವೇಷನ್ ಅಂದ್ರೆ ಫ್ರಂಟ್ ವ್ಯೂ, ಅಷ್ಟೇ. ಪ್ಲಾನ್ ಅನ್ನೋದು ಮೇಲಿಂದ ನೋಡಿದ ಟಾಪ್ ವ್ಯೂ ಅಂತ ಸುಮಾರು ಜನ ಅಂದ್ಕೋತಾರೆ, ಅಲ್ಲ, ಮೇಲಿಂದ ನೋಡಿದ್ರೆ ತಾರಸಿ ಮತ್ತೆ ಸಿಂಟೆಕ್ಸ್ ಟ್ಯಾಂಕ್ ಮಾತ್ರ ಕಾಣೋದು. ನೆಲದಿಂದ ಸುಮಾರು 1.2 ಮೀಟರ್ ಎತ್ತರದಲ್ಲಿ ಮನೆನ ಅಡ್ಡಕ್ಕೆ ಕತ್ತರಿಸಿ, ಮೇಲಿನ ಭಾಗ ಎತ್ತಿಟ್ಟು, ಉಳಿದಿದ್ದನ್ನ ಮೇಲಿಂದ ಪ್ರೊಜೆಕ್ಟ್ ಮಾಡಿದ್ದು ಪ್ಲಾನ್. ಅದಕ್ಕೇ ಅದರಲ್ಲಿ ಗೋಡೆ ದಪ್ಪ, ಬಾಗಿಲು, ಕಿಟಕಿ ಕಾಣುತ್ತೆ, ವೆಂಟಿಲೇಟರ್ ಥರ ಎತ್ತರದಲ್ಲಿರೋದನ್ನ ತುಂಡು ಗೆರೇಲಿ ತೋರಿಸ್ತಾರೆ. ಸೆಕ್ಷನ್ ಅಂದ್ರೆ ನೆಟ್ಟಗೆ ಮೇಲಿಂದ ಕೆಳಗೆ ಕತ್ತರಿಸಿದ್ದು. ಎಲ್ಲಿ ಕತ್ತರಿಸಿದ್ದಾರೆ ಅನ್ನೋ ಗೆರೆ ಪ್ಲಾನ್ ಮೇಲೆ ಬಾಣದ ಗುರುತಿನ ಜೊತೆ ಇರುತ್ತೆ, ಅದು ಮೆಟ್ಟಿಲಿನ ಮೂಲಕ ಹೋಗಿದೆಯಾ ನೋಡಿ, ಹೋಗಿಲ್ಲ ಅಂದ್ರೆ ಕೇಳಿ ಹಾಕಿಸ್ಕೊಳ್ಳಿ, ಯಾಕಂದ್ರೆ ಸಣ್ಣ ಸೈಟಲ್ಲಿ ತಲೆ ತಾಗೋದು ಮೆಟ್ಟಿಲ ಹತ್ರಾನೇ, ಅದು ಪ್ಲಾನಲ್ಲಿ ಕಾಣಲ್ಲ.

1:100 ಸ್ಕೇಲಲ್ಲಿ 30 ಅಡಿ ಹಾಳೆ ಮೇಲೆ 9.1 ಸೆಂಟಿಮೀಟರ್, 40 ಅಡಿ 12.2 ಸೆಂಟಿಮೀಟರ್ ಬರ್ಬೇಕು. ಪಿಡಿಎಫ್‌ನ ಪ್ರಿಂಟ್ ಹಾಕಿಸಿದ್ದಾದ್ರೆ ಮೊದಲು ಸ್ಕೇಲ್ ಇಟ್ಟು ಅಳೀರಿ, ಪ್ರಿಂಟರ್ ಪೇಜಿಗೆ ಫಿಟ್ ಮಾಡಿ ಕುಗ್ಗಿಸಿರುತ್ತೆ. ಬಣ್ಣಬಣ್ಣದ 3ಡಿ ವ್ಯೂ ನೋಡಿ ಮಾತ್ರ ತೀರ್ಮಾನ ತಗೋಬೇಡಿ. ಅದು ಪರ್ಸ್‌ಪೆಕ್ಟಿವ್, ವೈಡ್ ಆಂಗಲ್ ಕ್ಯಾಮೆರಾ ಇಟ್ಟು 10 ಅಡಿ ಹಾಲ್‌ನ ಕಲ್ಯಾಣ ಮಂಟಪದಷ್ಟು ದೊಡ್ಡದಾಗಿ ತೋರಿಸಬಹುದು. ಅಳತೆ ಇರೋದು ಪ್ಲಾನ್, ಸೆಕ್ಷನ್‌ನಲ್ಲೇ.

ಫೋಟೋದಲ್ಲಿ ಬಿಲ್ಡಿಂಗ್ ಹಿಂದಕ್ಕೆ ವಾಲಿದ ಹಾಗೆ ಕಾಣೋದು ಯಾಕೆ?

ವಿಧಾನಸೌಧದ ಮುಂದೆ ನಿಂತು ಗೋಪುರ ಪೂರ್ತಿ ಬರ್ಲಿ ಅಂತ ಫೋನ್ ಮೇಲಕ್ಕೆ ಎತ್ತಿದಾಗ ಕ್ಯಾಮೆರಾದ ಪ್ಲೇನ್ ಓರೆಯಾಗುತ್ತೆ, ಕಂಬಗಳಿಗೆ ಸಮಾಂತರ ಇರಲ್ಲ, ಆಗ ನೆಟ್ಟಗಿರೋ ಗೆರೆಗಳು ಮೇಲ್ಗಡೆ ಒಂದು ಬಿಂದು ಕಡೆಗೆ ಹತ್ರ ಬರ್ತಾ ಹೋಗ್ತವೆ. ಫೋನ್ ನೆಟ್ಟಗೆ ಹಿಡಿದು ಹಿಂದಕ್ಕೆ ಹೋದ್ರೆ ಸರಿಹೋಗುತ್ತೆ.

ಇಳಿಜಾರಲ್ಲಿರೋ ಜಮೀನಿನ ಗುಂಟೆ ಲೆಕ್ಕ ಹೇಗೆ? ಇಳಿಜಾರಿನ ಗುಂಟ ಅಳೆದ್ರೆ ಜಾಸ್ತಿ ಬರುತ್ತಲ್ಲ?

ಬರುತ್ತೆ, ಆದ್ರೆ ಆ ಲೆಕ್ಕ ನಿಲ್ಲಲ್ಲ. ಸರ್ವೆಯಲ್ಲಿ ಜಮೀನಿನ ವಿಸ್ತೀರ್ಣ ಅಂದ್ರೆ ಅಡ್ಡ ಪ್ಲೇನ್ ಮೇಲೆ ಬಿದ್ದ ಪ್ರೊಜೆಕ್ಷನ್ನಿನ ವಿಸ್ತೀರ್ಣ. ಅದಕ್ಕೇ ಚೈನ್‌ನ ನೆಲದ ಮೇಲೆ ಮಲಗಿಸದೆ ಸಮಮಟ್ಟಕ್ಕೆ ಎಳೆದು ಹಿಡೀತಾರೆ, ಇಳಿಜಾರು ಜಾಸ್ತಿ ಇದ್ರೆ ಮೆಟ್ಟಿಲು ಮೆಟ್ಟಿಲಾಗಿ ಅಳೀತಾರೆ. ನಮ್ಮಲ್ಲಿ 33 ಅಡಿ ಚೈನ್, 33 ಇಂಟು 33 ಅಂದ್ರೆ 1089 ಚದರ ಅಡಿ ಒಂದು ಗುಂಟೆ, 40 ಗುಂಟೆ ಒಂದು ಎಕರೆ. 30 ಡಿಗ್ರಿ ಇಳಿಜಾರಿನ ಮೇಲೆ ಟೇಪ್ ಹಾಸಿ 40 ಗುಂಟೆ ಅಂತ ಅಳೆದ್ರೆ ಪ್ರೊಜೆಕ್ಷನ್‌ನಲ್ಲಿ ಅದು ಸುಮಾರು 34.6 ಗುಂಟೆ ಮಾತ್ರ. ನಂದಿ ಬೆಟ್ಟದ ಕಡೆ ಗುಡ್ಡದ ಪಕ್ಕ ಜಾಗ ನೋಡೋರು ಇದನ್ನ ನೆನಪಿಟ್ಕೊಂಡ್ರೆ ಒಳ್ಳೇದು.

ಭೂಮಿನ ಸರಿಯಾಗಿ ಚಪ್ಪಟೆ ಮ್ಯಾಪ್ ಮಾಡೋಕೆ ಇವತ್ತಿನ ಕಂಪ್ಯೂಟರ್‌ನಲ್ಲೂ ಆಗಲ್ವಾ?

ಆಗಲ್ಲ, ಇದು ಕಂಪ್ಯೂಟರ್ ಶಕ್ತಿಯ ಪ್ರಶ್ನೆನೇ ಅಲ್ಲ. ಸಿಲಿಂಡರ್, ಶಂಕು ಇವನ್ನ ಕತ್ತರಿಸಿ ಹರವಿದ್ರೆ ಎಲ್ಲೂ ಎಳೆಯದೆ ಹರಿಯದೆ ಚಪ್ಪಟೆಯಾಗ್ತವೆ, ತಗಡಿನ ಕೆಲಸದವರು ದಿನಾ ಮಾಡೋದು ಇದೇ. ತ್ರಿಜ್ಯ 10, ಓರೆ ಉದ್ದ 30 ಸೆಂಟಿಮೀಟರ್ ಇರೋ ಶಂಕು ಬೇಕಾದ್ರೆ 10ನ್ನ 30ರಿಂದ ಭಾಗಿಸಿ 360ರಿಂದ ಗುಣಿಸಿ, 120 ಡಿಗ್ರಿಯ ಹೋಳು ಕತ್ತರಿಸಿ ಸುತ್ತಿದ್ರೆ ಆಯ್ತು. ಗೋಳಕ್ಕೆ ಇಂಥ ದಾರಿ ಇಲ್ಲ. ದೇವನಹಳ್ಳಿ ಚಕ್ಕೋತದ ಸಿಪ್ಪೆ ದೊಡ್ಡದಾಗಿ ಬಿಡಿಸಿ ಟೇಬಲ್ ಮೇಲೆ ಒತ್ತಿದ್ರೆ ಅಂಚು ಸೀಳ್ತದಲ್ಲ, ಹಾಗೆ. ಗೋಳದ ಯಾವ ಚೂರನ್ನೂ ಎಲ್ಲಾ ದೂರಗಳನ್ನ ಸರಿಯಾಗಿ ಉಳಿಸ್ಕೊಂಡು ಚಪ್ಪಟೆ ಮಾಡೋಕಾಗಲ್ಲ ಅಂತ ಜರ್ಮನಿಯ ಗಣಿತಜ್ಞ ಗಾಸ್ 1827ರಲ್ಲಿ ಮಂಡಿಸಿದ ಪ್ರಮೇಯದಿಂದ ಖಚಿತವಾಯ್ತು.

ಹಾಗಾಗಿ ಮ್ಯಾಪ್ ಮಾಡೋರು ಏನನ್ನ ಉಳಿಸ್ಕೋಬೇಕು ಅಂತ ಆರಿಸ್ಕೋತಾರೆ. ಮರ್ಕೇಟರ್ 1569ರಲ್ಲಿ ಕೋನ ಉಳಿಸ್ಕೊಂಡ್ರು, ಹಡಗಿನವರಿಗೆ ದಿಕ್ಸೂಚಿಯ ಒಂದೇ ದಿಕ್ಕು ಹಿಡಿದು ಹೋಗೋ ದಾರಿ ನೇರ ಗೆರೆಯಾಗಿ ಕಾಣ್ಬೇಕಿತ್ತು. ಅದಕ್ಕೆ ಕೊಟ್ಟ ಬೆಲೆ ವಿಸ್ತೀರ್ಣ: 60 ಡಿಗ್ರಿ ಅಕ್ಷಾಂಶದಲ್ಲಿ ಉದ್ದ ಎರಡು ಪಟ್ಟು, ವಿಸ್ತೀರ್ಣ ನಾಲ್ಕು ಪಟ್ಟು. ಗ್ರೀನ್‌ಲ್ಯಾಂಡ್ ಸುಮಾರು 21.7 ಲಕ್ಷ ಚದರ ಕಿಲೋಮೀಟರ್, ನಮ್ಮ ದೇಶ 32.87 ಲಕ್ಷ, ಆದ್ರೂ ಆ ಮ್ಯಾಪಲ್ಲಿ ಗ್ರೀನ್‌ಲ್ಯಾಂಡ್ ಮುಂದೆ ಭಾರತ ಪುಟಾಣಿ. ಹಡಗಿಗೆ ಮಾಡಿದ ಮ್ಯಾಪನ್ನ ಶಾಲೆ ಗೋಡೆಗೆ ನೇತುಹಾಕೋದು ನನಗೆ ಒಪ್ಪಿಗೆ ಇಲ್ಲ, ದೇಶಗಳ ಸೈಜ್ ಕಲಿಸೋಕೆ ವಿಸ್ತೀರ್ಣ ಉಳಿಸೋ ಪ್ರೊಜೆಕ್ಷನ್ ಬೇಕು, 1772ರಲ್ಲೇ ಲ್ಯಾಂಬರ್ಟ್ ಅಂಥವನ್ನ ಕೊಟ್ಟಿದ್ದಾರೆ.

ಫೋನ್ ಮ್ಯಾಪ್ ಕೂಡ ಮರ್ಕೇಟರ್ ಅಂತಾರೆ, ಹಾಗಾದ್ರೆ ಮೆಜೆಸ್ಟಿಕ್‌ನಿಂದ ವೈಟ್‌ಫೀಲ್ಡ್ ದೂರ ತಪ್ಪಾ?

ತಪ್ಪಲ್ಲ. ಬೆಂಗಳೂರು ಸಮಭಾಜಕದ ಹತ್ರಾನೇ ಇರೋದ್ರಿಂದ ಇಲ್ಲಿ ಉದ್ದ ಹಿಗ್ಗೋದು ಸುಮಾರು 2.6 ಪರ್ಸೆಂಟ್ ಅಷ್ಟೇ, ಅದೂ ಚಿತ್ರದಲ್ಲಿ ಮಾತ್ರ. ದೂರದ ಲೆಕ್ಕವನ್ನ ಆ್ಯಪ್ ಅಕ್ಷಾಂಶ ರೇಖಾಂಶ ಹಿಡಿದು ಮಾಡುತ್ತೆ. ಝೂಮ್ ಬದಲಿಸದೆ ಮ್ಯಾಪನ್ನ ಉತ್ತರಕ್ಕೆ ಸರಿಸ್ತಾ ಹೋಗಿ, ಕೆಳಗಿರೋ ಸ್ಕೇಲ್ ಪಟ್ಟಿ ತಾನೇ ಬದಲಾಗೋದು ಕಾಣುತ್ತೆ. ರಸ್ತೆ ತಿರುವುಗಳ ಕೋನ ಸರಿಯಾಗಿ ಕಾಣ್ಲಿ ಅಂತಾನೇ ಇದನ್ನ ಆರಿಸಿರೋದು.

ಬೆಂಗಳೂರಿಂದ ಸ್ಯಾನ್ ಫ್ರಾನ್ಸಿಸ್ಕೊಗೆ ಫ್ಲೈಟ್ ಉತ್ತರ ಧ್ರುವದ ಕಡೆ ಯಾಕೆ ಹೋಗ್ಬೇಕು?

ಯಾಕಂದ್ರೆ ಹತ್ತಿರದ ದಾರಿ ಇರೋದು ಆ ಕಡೆಗೇ. ನಾವು 77.6 ಡಿಗ್ರಿ ಪೂರ್ವ, ಅದು 122.4 ಡಿಗ್ರಿ ಪಶ್ಚಿಮ, ಮಧ್ಯೆ 160 ಡಿಗ್ರಿ, ಅಂದ್ರೆ ಹೆಚ್ಚುಕಮ್ಮಿ ಭೂಮಿಯ ಆಚೆ ಪಕ್ಕ. ಗೋಳದ ಮೇಲೆ ದಾರ ಎಳೆದು ಹಿಡಿದ್ರೆ ಅದು ಉತ್ತರಕ್ಕೆ ಸುಮಾರು 71 ಡಿಗ್ರಿ ಅಕ್ಷಾಂಶದವರೆಗೆ ಏರಿ ಹಾದುಹೋಗುತ್ತೆ, ಸುಮಾರು 14,000 ಕಿಲೋಮೀಟರ್. ಏರ್ ಇಂಡಿಯಾ 2021ರ ಜನವರಿಯಲ್ಲಿ ಆ ಕಡೆಯಿಂದ ಬೆಂಗಳೂರಿಗೆ ಮೊದಲ ನೇರ ವಿಮಾನ ತಂದಾಗ ಕಾಕ್‌ಪಿಟ್‌ನಲ್ಲಿ ಪೂರ್ತಿ ಹೆಣ್ಮಕ್ಕಳೇ ಇದ್ರು, ಅವರು ಧ್ರುವದ ಮೇಲೇ ಹಾರಿಸ್ಕೊಂಡು ಬಂದ್ರು. ಮರ್ಕೇಟರ್ ಮ್ಯಾಪಲ್ಲಿ ಧ್ರುವದ ಮೇಲಿನ ದಾರಿ ಬರೆಯೋಕೇ ಆಗಲ್ಲ, ಅದರಲ್ಲಿ ಧ್ರುವ ಅನಂತ ದೂರಕ್ಕೆ ಹೋಗಿಬಿಡುತ್ತೆ, ವೆಬ್ ಮ್ಯಾಪ್‌ಗಳನ್ನ ಸುಮಾರು 85 ಡಿಗ್ರಿಗೆ ಕತ್ತರಿಸಿರ್ತಾರೆ. ಭೂಮಿಯ ಕೇಂದ್ರದಿಂದ ಗೆರೆ ಎಳೆದು ಬೀಳಿಸೋ ನೋಮೋನಿಕ್ ಪ್ರೊಜೆಕ್ಷನ್‌ನಲ್ಲಿ ಮಾತ್ರ ಇಂಥ ಎಲ್ಲಾ ಹತ್ತಿರದ ದಾರಿಗಳೂ ನೇರ ಗೆರೆ.

ಕೋಲಾರದ ಡೇಟಾ ಬೆಂಗಳೂರಿನ ಮ್ಯಾಪ್ ಮೇಲೆ ಹಾಕಿದ್ರೆ ಎಲ್ಲೋ ಹೋಗಿ ಕೂರುತ್ತೆ, ಯಾಕೆ?

ಜಿಐಎಸ್, ಅಂದ್ರೆ ಕಂಪ್ಯೂಟರ್‌ನಲ್ಲಿ ಮ್ಯಾಪ್ ಡೇಟಾ ಬಳಸೋ ಕೆಲಸ ಕಲಿಯೋರಿಗೆ ಈ ಪಾಠ ಹೊಸಕೋಟೆ ದಾಟಿದ ಮೇಲೆ ಸಿಗುತ್ತೆ. ಯುಟಿಎಂ ಪದ್ಧತೀಲಿ ಭೂಮಿನ 6 ಡಿಗ್ರಿ ಅಗಲದ ಪಟ್ಟಿಗಳಾಗಿ ಮಾಡಿ ಪ್ರತಿ ಪಟ್ಟಿನೂ ಬೇರೆ ಬೇರೆ ಪ್ರೊಜೆಕ್ಟ್ ಮಾಡ್ತಾರೆ. 72ರಿಂದ 78 ಡಿಗ್ರಿ ಝೋನ್ 43, 78ರಿಂದ 84 ಝೋನ್ 44. ಬೆಂಗಳೂರು, ಮಾಲೂರು 43ರಲ್ಲಿ, ಕೋಲಾರ, ಬಂಗಾರಪೇಟೆ 44ರಲ್ಲಿ. ಪ್ರತಿ ಝೋನ್‌ನ ನಡುಗೆರೆಗೆ 5 ಲಕ್ಷ ಮೀಟರ್ ಅಂತ ನಂಬರ್ ಕೊಟ್ಟು ಅಲ್ಲಿಂದ ಎಣಿಸೋದು, ನಮ್ಮೂರು 75 ಡಿಗ್ರಿಯ ನಡುಗೆರೆಯಿಂದ ತುಂಬಾ ಪೂರ್ವಕ್ಕಿರೋದ್ರಿಂದ ಇಲ್ಲಿನ ಈಸ್ಟಿಂಗ್, ಅಂದ್ರೆ ಪೂರ್ವ ಪಶ್ಚಿಮದ ನಂಬರ್, ಸುಮಾರು 7 ಲಕ್ಷ 80 ಸಾವಿರ. ಕೋಲಾರದ ನಂಬರ್ 81 ಡಿಗ್ರಿಯಿಂದ ಎಣಿಸಿದ್ದು, ಅದನ್ನ 43ರ ನಂಬರ್ ಅಂತ ಓದಿದ್ರೆ ಪಶ್ಚಿಮದಲ್ಲಿ ಅರಬ್ಬೀ ಸಮುದ್ರಕ್ಕೆ ಹೋಗಿ ಬೀಳುತ್ತೆ. ಎರಡನ್ನೂ ಒಂದೇ ಝೋನ್‌ಗೆ ರೀಪ್ರೊಜೆಕ್ಟ್ ಮಾಡಿ ಆಮೇಲೆ ಸೇರಿಸಿ.

ಸರ್ವೆ ಆಫ್ ಇಂಡಿಯಾದ ಹಳೇ ಟೋಪೋಶೀಟ್ (ಭೂಲಕ್ಷಣದ ಮ್ಯಾಪ್) ಸ್ಕ್ಯಾನ್ ಮಾಡಿ ಹಾಕೋರಿಗೆ ಇನ್ನೊಂದು ವಿಷಯ. ಬೆಂಗಳೂರು ಒಂದೇ ಶೀಟಲ್ಲಿ ಸಿಗಲ್ಲ, 13 ಡಿಗ್ರಿ ಅಕ್ಷಾಂಶ ಊರಿನ ಮಧ್ಯೆನೇ ಹಾದುಹೋಗೋದ್ರಿಂದ ಉತ್ತರ ಭಾಗ 57 ಜಿ 12ರಲ್ಲಿ, ದಕ್ಷಿಣ ಭಾಗ 57 ಎಚ್ 9ರಲ್ಲಿ. ಆ ಶೀಟ್‌ಗಳು ಎವರೆಸ್ಟ್ ಎಲಿಪ್ಸಾಯ್ಡ್ ಅನ್ನೋ ಭೂಮಿಯ ಆಕಾರದ ಲೆಕ್ಕದ ಮೇಲೆ, ಪಾಲಿಕೋನಿಕ್ ಪ್ರೊಜೆಕ್ಷನ್‌ನಲ್ಲಿ ಇರೋವು, ಜಿಪಿಎಸ್ ಬಳಸೋದು ಡಬ್ಲ್ಯೂಜಿಎಸ್ 84 ಅನ್ನೋ ಬೇರೆ ಲೆಕ್ಕ. ಬದಲಾಯಿಸದೆ ಒಂದರ ಮೇಲೊಂದು ಇಟ್ರೆ ಇಲ್ಲಿ ನೂರು ಮೀಟರ್‌ಗೂ ಮೀರಿ ಪಕ್ಕಕ್ಕೆ ಹೋಗುತ್ತೆ, ಕೆರೆ ಒಂದು ಕಡೆ, ಏರಿ ಇನ್ನೊಂದು ಕಡೆ. ಒತ್ತುವರಿ ಬಗ್ಗೆ ಮಾತಾಡೋರು ಇದನ್ನ ಸರಿಮಾಡದೆ ಮ್ಯಾಪ್ ಹಂಚ್ಬೇಡಿ, ಯಾರದೋ ಮನೆ ಕೆರೆಯೊಳಗೆ ಅಂತ ತೋರಿಸಿಬಿಡುತ್ತೆ.

ಲೀನಿಯರ್ ಆಲ್ಜಿಬ್ರಾದಲ್ಲಿ ಬರೋ ಪ್ರೊಜೆಕ್ಷನ್ ಇದೇನಾ?

ಇದೇ. ಒಂದ್ಸಲ ಪ್ರೊಜೆಕ್ಟ್ ಮಾಡಿದ್ದನ್ನ ಅದೇ ಪ್ಲೇನ್ ಮೇಲೆ ಮತ್ತೆ ಪ್ರೊಜೆಕ್ಟ್ ಮಾಡಿದ್ರೆ ಏನೂ ಬದಲಾಗಲ್ಲ, ಅದಕ್ಕೇ ಆ ಮ್ಯಾಟ್ರಿಕ್ಸ್‌ನ ವರ್ಗ ಅದೇ ಮ್ಯಾಟ್ರಿಕ್ಸ್. ಅದಕ್ಕೆ ಇನ್ವರ್ಸ್ ಇಲ್ಲ, ಯಾಕಂದ್ರೆ ಪ್ಲೇನ್‌ಗೆ ನೇರ ಇರೋ ಒಂದು ಗೆರೆ ಮೇಲಿನ ಎಲ್ಲಾ ಬಿಂದುಗಳೂ ಒಂದೇ ಚುಕ್ಕೆಯಾಗಿ ಬಿದ್ದಿವೆ, ಯಾವುದು ಎಷ್ಟೆತ್ತರ ಇತ್ತು ಅಂತ ಆ ಚುಕ್ಕೆ ನೋಡಿ ಹೇಳೋಕಾಗಲ್ಲ. ಸೈಡ್ ವ್ಯೂ ಬೇಕಾಗೋದೂ ಇದೇ ಕಾರಣಕ್ಕೆ.

ನನಗೆ ಮನಸ್ಸಲ್ಲಿ ವಸ್ತು ತಿರುಗಿಸಿ ನೋಡೋಕೇ ಬರಲ್ಲ. ಕಲಿಯೋಕೆ ಆಗುತ್ತಾ?

ಆಗುತ್ತೆ, ಇದು ಹುಟ್ಟಿನಿಂದ ಬರೋದಲ್ಲ, ಕೈ ಆಡಿಸಿದಷ್ಟೂ ಬರುತ್ತೆ. ಅಂಗಡೀಲಿ ಸಿಗೋ ಬಟ್ಟೆ ಸೋಪಿನ ಎರಡು ಬಾರ್ ತಗೊಳ್ಳಿ. ಒಂದನ್ನ ಚಾಕು ಹಿಡಿದು ಒಂದು ಮೆಟ್ಟಿಲು, ಒಂದು ಇಳಿಜಾರು, ಒಂದು ತೂತು ಬರೋ ಹಾಗೆ ಕತ್ತರಿಸಿ. ಅದನ್ನ ಮುಂದಿಟ್ಕೊಂಡು ಫ್ರಂಟ್, ಟಾಪ್, ಸೈಡ್ ವ್ಯೂ ಫಸ್ಟ್ ಆಂಗಲ್‌ನಲ್ಲಿ ಬರೀರಿ, ಕಾಣದ ಗೆರೆಗಳನ್ನೂ ಹಾಕಿ, ಅಳತೆ ಕೊಡಿ. ಆಮೇಲೆ ಸೋಪ್ ಬಚ್ಚಿಟ್ಟು, ಹಾಳೆ ಮತ್ತೆ ಇನ್ನೊಂದು ಬಾರನ್ನ ಫ್ರೆಂಡ್ ಕೈಗೆ ಕೊಟ್ಟು, ಬಾಯಿಬಿಟ್ಟು ಏನೂ ಹೇಳದೆ ಇದನ್ನ ನೋಡಿ ಕತ್ತರಿಸು ಅನ್ನಿ. ಅವರು ಕತ್ತರಿಸಿದ್ದನ್ನ ನಿಮ್ಮದರ ಪಕ್ಕ ಇಟ್ಟು ನೋಡಿ. ಇಳಿಜಾರು ಉಲ್ಟಾ ಬಂದಿದ್ರೆ ಆಂಗಲ್ ಗೊಂದಲ, ಚಿಹ್ನೆ ಹಾಕಿದ್ರಾ ನೋಡಿ. ತೂತು ಅರ್ಧಕ್ಕೇ ನಿಂತಿದ್ರೆ ತುಂಡು ಗೆರೆ ಪೂರ್ತಿ ಎಳೆದಿಲ್ಲ. ಮುಂದಿನ ಸಲ ಅವರು ಬರೀಲಿ, ನೀವು ಕತ್ತರಿಸಿ.